ಅಮ್ಮೆರ್ ಬತ್ತೆರ್

ಸಾನಪಾಡಾ
21 ಜುಲೈ 2024

ಚಿ. ಮಾನಸಿಗೆ ಅಮ್ಮನ ಆಶೀರ್ವಾದ.

ಫೋನಿನಲ್ಲೂ ವಾಟ್ಸಪ್ಪಿನಲ್ಲೂ ಹೆತ್ತವಳನ್ನು ಬ್ಲಾಕ್ ಮಾಡಿ ಕೂತವಳಿಗೆ ಇನ್ನು ಹೇಗೆ ಹೇಳುವುದು? ಅದಕ್ಕೇ ಕಾಗದ. ಸಮಿತ್ ಹೇಗೂ ದಿನಾ ಠಾಣೆಗೆ ಆಫೀಸಿಗೆ ಬರುತ್ತಾನೆ, ಡಬ್ಬಿಯೊಳಗಿಟ್ಟು ಅವನ ಕೈಯಲ್ಲಿ ಕಳಿಸುತ್ತಿದ್ದೇನೆ. ಅಣ್ಣನ ಮೇಲೆ ನಿನಗೆ ಸಿಟ್ಟಿಲ್ಲ ಎಂದು ಅವನು ಹೇಳಿದ, ಅಷ್ಟಾದರೂ ಆಯಿತು.

ಡಬ್ಬಿಯಲ್ಲಿ ಪತ್ರೊಡೆ ಇದೆ. ಆಟಿ ತಿಂಗಳಲ್ಲಿ ಪತ್ರೊಡೆ ತಿನ್ನದೆ ಇದ್ದರೆ ನನಗೆ ವರ್ಷ ಕಳೆದ ಹಾಗೆಯೇ ಅನಿಸುವುದಿಲ್ಲ. ವಾಶಿ ಮಾರ್ಕೆಟಿನಲ್ಲಿ ಕೆಸುವಿನೆಲೆ ಎಂದರೆ ಆ ಭಾಜಿ ಮಾರುವವಳು "ಅಳೂ" ಎಂದು ಮರಾಠಿಯಲ್ಲಿ ತಿದ್ದಿದಳು. ಮುನಿಸಿಪಾಲಿಟಿಯ ಕನ್ನಡ ಶಾಲೆಯಲ್ಲಿ ಇಡೀ ಆಯುಷ್ಯ ಮಕ್ಕಳನ್ನು ತಿದ್ದಿದವಳನ್ನು ಈಗ ಎಲ್ಲರೂ ತಿದ್ದುವವರೇ.

ಏಪ್ರಿಲಿನಲ್ಲಿ ನಾನು ಹೇಳಿದ್ದರಲ್ಲಿ ಏನು ತಪ್ಪು? ಪರ್ಮನೆಂಟ್ ಆದ ಬ್ಯಾಂಕಿನ ಕೆಲಸ ಬಿಟ್ಟು, ಯಾರದೋ ಸಿನೆಮಾದ ಕೆಳಗೆ ಇಂಗ್ಲಿಷಿನಲ್ಲಿ ಎರಡು ಸಾಲು ಬರೆಯುವುದನ್ನು ಕೆಲಸ ಎನ್ನುತ್ತೀಯಲ್ಲ, ಅದನ್ನು ಯಾರು ಓದುತ್ತಾರೆ ಎಂದು ಕೇಳಿದೆ. ಅಷ್ಟಕ್ಕೇ ಬ್ಯಾಗು ಹೊತ್ತು ಘೋಡಬಂದರ್ ರಸ್ತೆಯ ಪೀಜಿಗೆ ಹೋಗಿ ಸೇರಿದಿ. ಕೆಲಸ ಬಿಟ್ಟದ್ದಲ್ಲ, ಮನೆ ಬಿಟ್ಟದ್ದು ನನಗೆ ಉರಿಯುವುದು. ಅದನ್ನು ನಾನು ಆಗ ಹೇಳಲಿಲ್ಲ, ಈಗ ಬರೆದಿದ್ದೇನೆ.

ಬೆಲ್ಲ ಸ್ವಲ್ಪ ಹೆಚ್ಚಾಗಿದೆ. ತಿನ್ನು.

ಇತಿ
ರತ್ನಾವತಿ


ಠಾಣೆ
28 ಜುಲೈ

ಅಮ್ಮ,

ಖಾಲಿ ಡಬ್ಬಿ ವಾಪಸ್ ಕೊಡಬಾರದು, ಸಕ್ಕರೆಯಾದರೂ ಹಾಕಿ ಕೊಡಬೇಕು ಅಂತ ಚಿಕ್ಕಂದಿನಿಂದ ತಲೆಗೆ ತುಂಬಿದವಳು ನೀನು. ಇಲ್ಲಿ ಸಕ್ಕರೆ ಪೀಜಿ ಆಂಟಿಯ ಕಪಾಟಿನಲ್ಲಿ, ಬೀಗದೊಳಗೆ. ಅದಕ್ಕೆ ಈ ಚೀಟಿ ಹಾಕುತ್ತಿದ್ದೇನೆ. ಬೇರೆ ಅರ್ಥ ಮಾಡಿಕೋಬೇಡ.

ಪತ್ರೊಡೆಯನ್ನು ರೂಮಿನ ಹುಡುಗಿಯರು ಅಳೂವಡಿ ಅಂತ ತಿಂದರು. ನನಗೆ ಎರಡೇ ಸಿಕ್ಕಿತು. ಬೆಲ್ಲ ಹೆಚ್ಚಾಗಿರಲಿಲ್ಲ.

ಕೆಳಗಿನ ಸಾಲನ್ನು ಯಾರು ಓದುತ್ತಾರೆ ಅಂದೆಯಲ್ಲ, ಭಾಷೆ ಗೊತ್ತಿಲ್ಲದವರೆಲ್ಲ ಓದುತ್ತಾರೆ. ನೀನು ನನ್ನ ಕೆಲಸ ಏನಂತ ಒಂದು ಸಲವೂ ಕೇಳಲಿಲ್ಲ, ಸಂಬಳ ಎಷ್ಟು ಅಂತ ಮಾತ್ರ ಕೇಳಿದಿ. ನನಗೆ ಸಿಟ್ಟು ಬಂದದ್ದು ಅದಕ್ಕೆ. ಇನ್ನೂ ಇಳಿದಿಲ್ಲ.

ಮಾನಸಿ


ಸಾನಪಾಡಾ
18 ಆಗಸ್ಟ್

ಚಿ. ಮಾನಸಿಗೆ,

ನಿನ್ನ ಚೀಟಿಯಲ್ಲಿ ನಾಲ್ಕು ಕಾಗುಣಿತದ ತಪ್ಪು. ಕೆಂಪು ಪೆನ್ನಿನಿಂದ ತಿದ್ದಿ ಕಳಿಸಬೇಕು ಎಂದುಕೊಂಡೆ, ಆಮೇಲೆ ಬೇಡವೆನಿಸಿತು. ಕನ್ನಡದಲ್ಲಿ ಬರೆದೆಯಲ್ಲ. ಎದುರಿಗೆ ಇದ್ದಾಗ ನಾನು ಕನ್ನಡದಲ್ಲಿ ಕೇಳಿದರೆ ಹಿಂದಿಯಲ್ಲಿ ಉತ್ತರ ಕೊಡುತ್ತಿದ್ದವಳು, ಸಿಟ್ಟಿನಲ್ಲಾದರೂ ಕನ್ನಡ ಬರೆದಿದ್ದಿ.

ನಿನ್ನ ಕೆಲಸ ಏನು? ಕೇಳಿದ್ದೇನೆ, ನೋಡು. ಬರೆ.

ಚಟ್ನಿಪುಡಿ ಕಳಿಸಿದ್ದೇನೆ. ಇದನ್ನು ರೂಮಿನವರಿಗೆ ತೋರಿಸಬೇಡ.

ಅಮ್ಮ


ಠಾಣೆ
22 ಸೆಪ್ಟೆಂಬರ್

ಅಮ್ಮ,

ತಡವಾಯಿತು, ಆದರೆ ಬರೆಯುವುದಕ್ಕೆ ಈಗ ಒಂದು ವಿಷಯ ಇದೆ. ಮುಂಬಯಿಯ ಅಂತಾರಾಷ್ಟ್ರೀಯ ಚಿತ್ರೋತ್ಸವ ಗೊತ್ತಲ್ಲ, ಪ್ರತೀ ವರ್ಷ ಆಗುತ್ತದೆ, ಪ್ರಪಂಚದ ಎಲ್ಲ ಕಡೆಯ ಸಿನೆಮಾ ಬರುತ್ತದೆ. ಈ ಸಲ ನವೆಂಬರಿನಲ್ಲಿ. ಅದಕ್ಕೆ ಒಂದು ತುಳು ಸಿನೆಮಾ ಆಯ್ಕೆಯಾಗಿದೆ. ಅದರ ಸಬ್‌ಟೈಟಲ್ ನಾನು ಮಾಡುತ್ತಿದ್ದೇನೆ. ಮೊದಲು ಯಾರೋ ಕಂಪ್ಯೂಟರಿನಲ್ಲಿ ಮಾಡಿಸಿದ್ದರಂತೆ, ತಲೆಬುಡ ಇರಲಿಲ್ಲವಂತೆ. ಅದನ್ನು ನೋಡಲೂ ಬೇಡ, ಹೊಸದಾಗಿ ಬರೆ ಅಂದರು ಡೈರೆಕ್ಟರ್ ಹರಿಶ್ಚಂದ್ರ ಸರ್. ಅವರು ಉಡುಪಿ ಕಡೆಯವರು, ಇಂಗ್ಲಿಷ್ ಅಷ್ಟಕ್ಕಷ್ಟೇ. ತುಳು ಬರುತ್ತಾ ಅಂತ ಕೇಳಿದರು, ಬರುತ್ತದೆ ಅಂದೆ. ಬರುತ್ತದಲ್ಲ? ನೀನು ಊರಿನವರ ಹತ್ತಿರ ಫೋನಿನಲ್ಲಿ ಮಾತಾಡುವಾಗ ನನಗೆ ಎಲ್ಲ ತಿಳಿಯುತ್ತದೆ. ತಿಳಿಯದೆ ಇದ್ದದ್ದಕ್ಕೆ ಕನ್ನಡ ಹತ್ತಿರವೇ ಇದೆ.

ಇದು ಚೆನ್ನಾಗಿ ಆದರೆ ನನಗೆ ಇನ್ನು ಕೆಲಸ ಹುಡುಕಿಕೊಂಡು ಬರುತ್ತದೆ. ಕೆಟ್ಟರೆ ಬ್ಯಾಂಕಿನ ಬಾಗಿಲೂ ಇಲ್ಲ, ಇದೂ ಇಲ್ಲ. ಹೆದರಿಕೆ ಆಗುತ್ತದೆ, ನಿನ್ನ ಹತ್ತಿರ ಹೇಳಬಾರದು ಅಂದುಕೊಂಡಿದ್ದೆ.

ಇನ್ನೊಂದು. ಪಪ್ಪನೂ ಈ ಚಿತ್ರೋತ್ಸವಕ್ಕೆ ಹೋಗುತ್ತಿದ್ದರು ಅಂತ ಸಮಿತ್ ಹೇಳಿದ. ನಿಜವಾ? ನನಗೆ ಪಪ್ಪ ಅಂದರೆ ಗೋಡೆಯ ಫೋಟೋ ಅಷ್ಟೇ. ನೀನು ಏನೂ ಹೇಳಿಲ್ಲ.

ಮಾನಸಿ


ಸಾನಪಾಡಾ
6 ಅಕ್ಟೋಬರ್

ಚಿ. ಮಾನಸಿಗೆ,

ಹೋಗುತ್ತಿದ್ದರು.

ಆಗ ಡೊಂಬಿವಲಿ ಎಂಐಡಿಸಿಯ ಫ್ಯಾಕ್ಟರಿಗಳ ನಡುವಿನ ಒಂದು ಹೋಟೆಲಿನಲ್ಲಿ ಅವರು ಮ್ಯಾನೇಜರ್. ಅಲ್ಲಿಗೆ ಚಹಾ ಕುಡಿಯಲು ಬರುತ್ತಿದ್ದ ಪೇಪರಿನ ವರದಿಗಾರನೊಬ್ಬ ಪಾಸು ಕೊಡುತ್ತಿದ್ದ. ವರ್ಷಕ್ಕೊಂದು ವಾರ ರಜೆ ಹಾಕಿ, ಇಸ್ತ್ರಿ ಮಾಡಿದ ಶರ್ಟು ತೊಟ್ಟು, ಫಾಸ್ಟ್ ಲೋಕಲ್ ಹಿಡಿದು ಹೊರಡುವವರು. ಊರಿಗೆ ಹೋಗಲು ರಜೆ ಇಲ್ಲ, ಪೋಲೆಂಡಿನವರ ಸಿನೆಮಾಕ್ಕೆ ರಜೆ ಇದೆ ಎಂದು ನಾನು ರೇಗುತ್ತಿದ್ದೆ. ಮನೆಗೆ ಬಂದವರೇ ಕೈಕಾಲು ತೊಳೆದು, ನನ್ನನ್ನು ಅಡುಗೆಮನೆಯಲ್ಲಿ ಕೂರಿಸಿ ಇಡೀ ಕಥೆಯನ್ನು ತುಳುವಿನಲ್ಲಿ ಹೇಳುತ್ತಿದ್ದರು. ನಮ್ಮಿಬ್ಬರದು ಜಗಳಕ್ಕೂ ತುಳು, ಪ್ರೀತಿಗೂ ತುಳು. ನಿಮಗೆ ಮಾತ್ರ ಕನ್ನಡ, ನಾನು ಟೀಚರ್ ಅಲ್ಲವೇ.

ಅವರ ಕಥೆಯಲ್ಲಿ ಯಾರಿಗೂ ಕೆಟ್ಟದಾಗುತ್ತಿರಲಿಲ್ಲ. ಗಂಡನನ್ನು ಯುದ್ಧಕ್ಕೆ ಕಳಿಸಿದ ಒಬ್ಬ ಹೆಂಗಸಿನ ಕಥೆ ಹೇಳಿದ್ದರು. ಕೊನೆಗೆ ಅವನು ಬರುತ್ತಾನೆ, ಇಬ್ಬರೂ ಬೇಕರಿ ಇಡುತ್ತಾರೆ. ಅವರು ತೀರಿಕೊಂಡು ಎಷ್ಟೋ ವರ್ಷದ ಮೇಲೆ ಅದೇ ಸಿನೆಮಾ ಟೀವಿಯಲ್ಲಿ ಬಂತು. ಅವನು ಬರುವುದೂ ಇಲ್ಲ, ಬೇಕರಿಯೂ ಇಲ್ಲ. ಇಂಗ್ಲಿಷ್ ಸಾಲು ಓದಿ ಮುಗಿಯುವುದರೊಳಗೆ ಹೋಗಿಬಿಡುತ್ತದೆ ಎಂದು ಅವರು ಗೊಣಗುತ್ತಿದ್ದದ್ದು ಆಗ ನೆನಪಾಯಿತು. ಓದಲಿಕ್ಕಾಗದ್ದನ್ನೆಲ್ಲ ಮನುಷ್ಯ ತಾನೇ ಕಟ್ಟಿ ಹೇಳಿದ್ದು. ಟೀವಿ ಆಫ್ ಮಾಡಿ ಅತ್ತೆ. ನೀನು ಕಾಲೇಜಿಗೆ ಹೋಗಿದ್ದಿ.

ಇಷ್ಟು ಸಾಕು. ಮುಂದಕ್ಕೆ ಕೇಳಬೇಡ, ನನಗೆ ಆಗುವುದಿಲ್ಲ. ನಿನ್ನ ಸಾಲುಗಳನ್ನು ಸ್ವಲ್ಪ ನಿಧಾನವಾಗಿ ಓಡಿಸು, ಓದಲು ಪುರುಸೊತ್ತು ಸಿಗುವ ಹಾಗೆ.

ಹೆದರಬೇಡ. ನೀರಿಗೆ ಇಳಿದಾಗಿದೆ, ಇನ್ನು ಚಳಿಯೇನು.

ಅಮ್ಮ


ಠಾಣೆ
8 ನವೆಂಬರ್

ಅಮ್ಮ,

ಮುಗಿಯಿತು! ಫೈಲ್ ಚಿತ್ರೋತ್ಸವದವರಿಗೆ ಕಳಿಸಿ ಬಂದೆ. ದೀಪಾವಳಿಗೆ ಬರದೆ ಇದ್ದದ್ದು ಸಿಟ್ಟಿಗಲ್ಲ, ಇದಕ್ಕೆ. ನಂಬು.

ಸಿನೆಮಾದ ಕಥೆ ಹೇಳುತ್ತೇನೆ, ಪಪ್ಪನ ಹಾಗೆ ಸುಳ್ಳು ಸೇರಿಸದೆ. ಕಡಲ ಬದಿಯ ಒಂದು ಮನೆ. ಅಲ್ಲಿ ಒಬ್ಬಳು ಹುಡುಗಿ, ಅವಳ ಅಜ್ಜಿ, ಇಬ್ಬರೇ. ಹುಡುಗಿಯ ಅಪ್ಪ ತೀರಿಕೊಂಡಿದ್ದಾರೆ. ಅಮ್ಮ ಗಲ್ಫಿನಲ್ಲಿ ದುಡಿಯುತ್ತಾಳೆ, ಎಷ್ಟೋ ವರ್ಷದಿಂದ ಬಂದಿಲ್ಲ. ಅಮ್ಮನನ್ನು ಸಿನೆಮಾದಲ್ಲಿ ತೋರಿಸುವುದೇ ಇಲ್ಲ, ದನಿಯೂ ಕೇಳಿಸುವುದಿಲ್ಲ, ಬರೀ ಅವಳ ಬಗ್ಗೆ ಮಾತು. ಅಜ್ಜಿಯ ಹಳೇ ತುಳುವಿನಲ್ಲಿ ಅಪ್ಪೆ ಹಾಗಿದ್ದರು, ಅಮ್ಮೆರ್ ಹೀಗಿದ್ದಾರೆ ಅಂತ ಮಾತು. ಕೊನೆಗೆ ಒಂದು ದಿನ ಹೊರಗೆ ರಿಕ್ಷಾ ನಿಲ್ಲುತ್ತದೆ. ಹುಡುಗಿ ಅಂಗಳದಿಂದ ಕೂಗುತ್ತಾಳೆ, "ಅಮ್ಮೆರ್ ಬತ್ತೆರ್". ಅಷ್ಟೇ, ಪರದೆ ಕಪ್ಪಾಗುತ್ತದೆ. ನಾನು ಕೆಳಗೆ ಬರೆದೆ: ಅಮ್ಮ ಬಂದಳು.

ಇಂಗ್ಲಿಷಿನಲ್ಲಿ ಮೂರೇ ಪದ. ಬರೆದು ಲ್ಯಾಪ್‌ಟಾಪ್ ಮುಚ್ಚಿ ಅತ್ತೆ. ಅಪ್ಪ ಇಲ್ಲದ ಹುಡುಗಿ, ದೂರ ಇರುವ ಅಮ್ಮ, ಇದು ನನ್ನದೇ ಕಥೆ ಅಂತ ಅನಿಸಿತು. ದೂರ ಹೋದವಳು ನಾನು ಅಂತಲೂ ಅನಿಸಿತು.

ಶೋ 16ಕ್ಕೆ ಸಂಜೆ. ಸಮಿತ್ ಹತ್ತಿರ ಎರಡು ಪಾಸು ಕೊಡುತ್ತೇನೆ. ಬರುತ್ತೀಯಾ?

ಮಾನಸಿ


ಸಾನಪಾಡಾ
15 ನವೆಂಬರ್, ಬೆಳಿಗ್ಗೆ

ಮಾನಸಿ,

ನಿನ್ನ ಅಣ್ಣ ಡಬ್ಬಿಯನ್ನು ಆಫೀಸಿನ ಡ್ರಾಯರಿನಲ್ಲಿ ಮರೆತು ನಿನ್ನೆ ರಾತ್ರಿ ತಡವಾಗಿ ತಂದ. ಕಾಗದ ಈಗಷ್ಟೇ ಓದಿದೆ. ಅವನು ಫೋನ್ ಮಾಡಿದರೆ ಸ್ವಿಚ್ ಆಫ್ ಬರುತ್ತಿದೆ, ಚಿತ್ರೋತ್ಸವ ಶುರುವಾಗಿದೆಯಲ್ಲ, ನೀನು ಯಾವುದೋ ಸಿನೆಮಾ ನೋಡುತ್ತಾ ಹಾಲಿನೊಳಗೆ ಕೂತಿರಬೇಕು. ಆಫೀಸಿಗೆ ರಜೆ ಹಾಕಿಸಿ ಅವನನ್ನು ನೇರ ಅಲ್ಲಿಗೇ ಓಡಿಸುತ್ತಿದ್ದೇನೆ. ಬಾಯಲ್ಲಿ ಹೇಳಿ ಕಳಿಸಿದರೆ ಹಿಂದುಮುಂದು ಮಾಡುತ್ತಾನೆ, ಅದಕ್ಕೆ ಬರೆದು ಕೊಡುತ್ತಿದ್ದೇನೆ.

ತಪ್ಪು ಹುಡುಕುವುದೇ ಅಮ್ಮನ ಚಾಳಿ ಎನ್ನುತ್ತೀ. ಹೇಳಲೋ ಬೇಡವೋ ಎಂದು ಪೆನ್ನು ಹಿಡಿದು ಕೂತೆ. ಆರು ತಿಂಗಳ ಮೇಲೆ "ಬರುತ್ತೀಯಾ" ಎಂದು ಕರೆದಿದ್ದಿ, ಈ ಒಂದು ಮಾತಿನಿಂದ ಮತ್ತೆ ದೂರವಾದರೆ ಎಂಬ ಹೆದರಿಕೆ. ಆದರೆ ನಾಳೆ ಹಾಲಿನಲ್ಲಿ ತುಳು ಬಲ್ಲವನೊಬ್ಬ ನಕ್ಕರೆ ನಿನಗೆ ಏನಾದೀತು ಎಂಬುದು ಅದಕ್ಕಿಂತ ದೊಡ್ಡ ಹೆದರಿಕೆ. ಸಿಟ್ಟು ಮಾಡಿಕೋ, ಪರವಾಗಿಲ್ಲ, ಆದರೆ ಮೊದಲು ಸರಿಮಾಡು.

ತುಳುವಿನಲ್ಲಿ ಅಪ್ಪೆ ಎಂದರೆ ತಾಯಿ. ಅಮ್ಮೆ ಎಂದರೆ ತಂದೆ, ಗೌರವಕ್ಕೆ ಅಮ್ಮೆರ್. ಕನ್ನಡಕ್ಕೆ ತಲೆಕೆಳಗು. ಬತ್ತೆರ್ ಎನ್ನುವುದು ಗಂಡಸಿಗೂ ಹೆಂಗಸಿಗೂ ಹೊಂದುತ್ತದೆ, ನಿನಗೆ ತಿಳಿಯದೆ ಇದ್ದದ್ದು ಅದಕ್ಕೇ. ಆ ಹುಡುಗಿಗೆ ತೀರಿಕೊಂಡದ್ದು ತಾಯಿ. ಗಲ್ಫಿನಿಂದ ಬಂದದ್ದು ಅಪ್ಪ.

ಓಡು.

ಅಮ್ಮ


ಠಾಣೆ
18 ನವೆಂಬರ್

ಅಮ್ಮ,

ಮೊನ್ನೆ ಶೋ ಮುಗಿದ ಮೇಲೆ ಹಾಲಿನ ಹೊರಗೆ ನಾವು ಸರಿಯಾಗಿ ಮಾತಾಡಲೇ ಇಲ್ಲ. ಅಷ್ಟು ಜನ, ಹರಿಶ್ಚಂದ್ರ ಸರ್ ಬೇರೆ ನಿನ್ನ ಕಾಲಿಗೆ ಬಿದ್ದರು. ಅದಕ್ಕೆ ಬರೆಯುತ್ತಿದ್ದೇನೆ. ನಿನ್ನ ನಂಬರನ್ನು ಅನ್‌ಬ್ಲಾಕ್ ಮಾಡಿದ್ದೇನೆ, ಆದರೂ ಬರೆಯುವುದು ರೂಢಿಯಾಗಿಬಿಟ್ಟಿದೆ.

ಶೋದ ಹಿಂದಿನ ದಿನ ಸಮಿತ್ ಬಂದು ಗೇಟಿನಲ್ಲಿ ವಾಚ್‌ಮನ್ ಜೊತೆ ಜಗಳ ಆಡಿ ನನ್ನನ್ನು ಹೊರಗೆ ಕರೆಸಿದ. ನಿನ್ನ ಕಾಗದ ಓದಿ ಅಲ್ಲೇ ಮೆಟ್ಟಿಲ ಮೇಲೆ ಕೂತೆ. ಚಿತ್ರೋತ್ಸವದ ಹುಡುಗಿಗೆ ಫೋನ್ ಮಾಡಿದರೆ, ಸಂಜೆಯೊಳಗೆ ಹೊಸ ಫೈಲ್ ಕೊಟ್ಟರೆ ಬದಲಿಸಬಹುದು ಅಂದಳು. ಆಗ ಉಸಿರು ಬಂತು. ಒಂದು ಚಹಾ ಅಂಗಡಿಯಲ್ಲಿ ಲ್ಯಾಪ್‌ಟಾಪ್ ಬಿಚ್ಚಿ ಕೂತೆವು. ಅಮ್ಮ ಅಂತ ಇರುವಲ್ಲೆಲ್ಲ ಅಪ್ಪ ಅಂತ ಒಂದೇ ಏಟಿಗೆ ಬದಲಿಸಿದೆ, ಮೊದಲೇ ಇದ್ದ ಅಪ್ಪನೂ ಹೊಸ ಅಪ್ಪನೂ ಸೇರಿ ಎಲ್ಲರೂ ಅಪ್ಪ ಆದರು. ಮತ್ತೆ ಹಳೇ ಫೈಲನ್ನೇ ತೆಗೆದೆ. ಸಮಿತ್ ಒಂದು ಉಪಾಯ ಹೇಳಿದ, ಮೊದಲು ಅಮ್ಮನ ಜಾಗದಲ್ಲಿ ಬಟಾಟೆ ಹಾಕು, ಆಮೇಲೆ ಅಪ್ಪನನ್ನು ಅಮ್ಮ ಮಾಡು, ಕೊನೆಗೆ ಬಟಾಟೆಯನ್ನು ಅಪ್ಪ ಮಾಡು ಅಂತ. ಮಾಡಿದೆ. ಇಂಗ್ಲಿಷಿನ ಹೀ, ಶೀಗಳನ್ನು ಒಂದೊಂದಾಗಿ ಕೈಯಲ್ಲೇ ತಿದ್ದುತ್ತಾ ಮತ್ತೆ ಓದುವಾಗ ಒಂದು ಕಡೆ ಬಟಾಟೆ ಉಳಿದೇ ಇತ್ತು. ಅಜ್ಜಿ ಮೊಮ್ಮಗಳಿಗೆ ಹೇಳುತ್ತಿದ್ದಳು, "ಅಳಬೇಡ, ನಿನ್ನ ಬಟಾಟೆಗೆ ನಿನ್ನ ಮೇಲೆ ಬಹಳ ಪ್ರೀತಿ." ಚಹಾ ಅಂಗಡಿಯಲ್ಲಿ ನಾವಿಬ್ಬರೂ ನಕ್ಕು ನಕ್ಕು ಸತ್ತೆವು. ನಗುತ್ತಾ ನಗುತ್ತಾ ನಾನು ಅತ್ತುಬಿಟ್ಟೆ, ಸಮಿತ್ ಎರಡನೇ ಚಹಾ ತರಿಸಿದ.

ಹರಿಶ್ಚಂದ್ರ ಸರ್‌ಗೆ ನಾನೇ ಹೇಳಿದೆ. ಬೈಯುತ್ತಾರೆ ಅಂದುಕೊಂಡಿದ್ದೆ. ನೀನು ಬರೆದ ಸಿನೆಮಾವನ್ನೂ ಯಾರಾದರೂ ತೆಗೆಯಬೇಕು ಅಂದರು. ಮುಂದಿನ ಸಿನೆಮಾಕ್ಕೂ ನಾನೇ ಅಂತೆ, ಆದರೆ ಅಮ್ಮನಿಗೆ ತೋರಿಸದೆ ಫೈಲ್ ಕಳಿಸಬಾರದಂತೆ.

ನೀನು ಬ್ಯಾಂಕ್ ಅನ್ನುವ ಪದ ಎತ್ತಲಿಲ್ಲ. ಬದಲಿಗೆ "ಪಕ್ಕದ ಸೀಟಿನ ಗುಜರಾತಿ ಹೆಂಗಸು ನನಗಿಂತ ಮೊದಲೇ ಅತ್ತಳು, ಪರದೆಯ ಮೇಲೆ ಮಾತು ಮುಗಿಯುವುದಕ್ಕೆ ಮುಂಚೆ ನಿನ್ನ ಸಾಲು ಓದಿ ಅತ್ತಳು" ಅಂತ ಹೇಳಿದಿ. ನನಗೆ ಅಷ್ಟು ಸಾಕು ಅಮ್ಮ.

ಒಂದೇ ವಿಷಯ ತಲೆ ತಿನ್ನುತ್ತಿದೆ. ಗೊತ್ತಿಲ್ಲದ ಪದಗಳನ್ನೆಲ್ಲ ನಾನು ಹುಡುಕಿದೆ, ಯಾರ್ಯಾರನ್ನೋ ಕೇಳಿದೆ. ಅಮ್ಮೆ ಅನ್ನುವುದನ್ನು ಮಾತ್ರ ಯಾರ ಹತ್ತಿರವೂ ಕೇಳಲಿಲ್ಲ. ಅದು ನೀನು ಅಂತ ನನಗೆ ಗೊತ್ತೇ ಇತ್ತು, ಅಷ್ಟು ಖಾತ್ರಿ. ಅದು ಎಲ್ಲಿಂದ ಬಂತು? ಕೇಳಬೇಡ ಅಂದಿದ್ದಿ, ಆದರೂ ಕೇಳುತ್ತಿದ್ದೇನೆ.

ಮಾನಸಿ


ಸಾನಪಾಡಾ
24 ನವೆಂಬರ್

ಚಿ. ಮಾನಸಿಗೆ,

ನಾಲ್ಕು ದಿನದಿಂದ ಬರೆದು ಹರಿಯುತ್ತಿದ್ದೇನೆ. ಇದನ್ನು ಹರಿಯುವುದಿಲ್ಲ.

ನಿನ್ನ ಅಪ್ಪನನ್ನು ಸಮಿತ್ ಪಪ್ಪ ಎನ್ನುತ್ತಿದ್ದ, ಶಾಲೆಯಲ್ಲಿ ಕಲಿತದ್ದು. ಅದು ಅವರಿಗೆ ಅಷ್ಟು ಹಿಡಿಸುತ್ತಿರಲಿಲ್ಲ. ನೀನು ಹುಟ್ಟಿದಾಗ, ಇವಳಾದರೂ ನನ್ನನ್ನು ನಮ್ಮ ಭಾಷೆಯಲ್ಲಿ ಕರೆಯಲಿ ಎಂದು ತೊಟ್ಟಿಲ ಹತ್ತಿರ ಕೂತು ಹೇಳಿಕೊಟ್ಟರು. ನಿನ್ನ ಬಾಯಿಂದ ಬಂದ ಮೊದಲ ಮಾತೇ ಅಮ್ಮೆ. ಆ ಡೊಂಬಿವಲಿಯ ಚಾಳಿನ ಕನ್ನಡದವರಿಗೆಲ್ಲ ತಮಾಷೆ, ಮುಂಡಪ್ಪಣ್ಣನ ಮಗಳು ಅಪ್ಪನನ್ನೇ ಅಮ್ಮ ಎನ್ನುತ್ತಾಳೆ ಎಂದು. ಅವರು ಮೀಸೆಯಡಿ ನಗುತ್ತಿದ್ದರು. ನನ್ನನ್ನು ನೀನು ಟೀಚರ್ ಎನ್ನುತ್ತಿದ್ದಿ, ಟ್ಯೂಷನ್ನಿಗೆ ಬರುವ ಮಕ್ಕಳನ್ನು ನೋಡಿ. ನನಗೂ ಸ್ವಲ್ಪ ಹೊಟ್ಟೆಕಿಚ್ಚೇ.

ಅವರು ಹೋಟೆಲಿನಿಂದ ಆಸ್ಪತ್ರೆಗೆ ಹೋದವರು ತಿರುಗಿ ಬರಲಿಲ್ಲ. ನಿನಗೆ ಆಗ ಮೂರು ವರ್ಷ. ಅವರು ಕೆಲಸದಿಂದ ಬರುತ್ತಿದ್ದ ಹೊತ್ತಿಗೆ ನೀನು ಬಾಗಿಲ ಗ್ರಿಲ್ ಹಿಡಿದು ನಿಂತು "ಅಮ್ಮೆ, ಅಮ್ಮೆ" ಎಂದು ಕರೆಯುತ್ತಿದ್ದಿ. ಪಕ್ಕದ ಮರಾಠಿ ಹೆಂಗಸರಿಗೆ ಏನು ಗೊತ್ತು, ಮಗು ಅಮ್ಮನನ್ನು ಕರೆಯುತ್ತಿದೆ, ಹೋಗು ಎನ್ನುತ್ತಿದ್ದರು. ನಾನು ಒಲೆ ಬಿಟ್ಟು ಓಡಿ ಬರುತ್ತಿದ್ದೆ. ಬಂದೆ ಮಗಾ, ಇಲ್ಲೇ ಇದ್ದೇನೆ ಎನ್ನುತ್ತಿದ್ದೆ. ನೀನು ನನ್ನ ಮುಖ ನೋಡಿ, ಅಲ್ಲ ಎಂದು ತಲೆಯಾಡಿಸಿ, ಮತ್ತೆ ಹೊರಗೆ ನೋಡಿ ಕರೆಯುತ್ತಿದ್ದಿ. ದಿನಾ ಕರೆದಿ. ದಿನಾ ನಾನೇ ಬಂದೆ. ನಿನಗೆ ಯಾರೂ ಬರಲಿಲ್ಲ ಅನಿಸಬಾರದು, ಅಷ್ಟೇ ನನಗಿದ್ದದ್ದು.

ಒಂದು ಸಂಜೆ ಓಡಿ ಬಂದಾಗ ನೀನು ತಲೆಯಾಡಿಸಲಿಲ್ಲ. ನನ್ನ ಕಡೆಗೆ ಕೈ ಚಾಚಿದಿ.

ಅಂದಿನಿಂದ ಆ ಹೆಸರು ನನಗೆ ಬಂತು. ಅವರಿಗಾಗಿ ನೀನು ಅಳುವುದನ್ನು ನಿಲ್ಲಿಸಿದಿ, ನಾನು ಮನೆಯಲ್ಲಿ ತುಳುವನ್ನು ನಿಲ್ಲಿಸಿದೆ. ಅವರ ವಿಷಯ ಎತ್ತಿದರೆ ನೀನು ಮತ್ತೆ ಗ್ರಿಲ್ ಹಿಡಿದು ನಿಲ್ಲುತ್ತೀ ಎಂದು ಹೆದರಿಕೆ. ಹಾಗಾಗಿ ನೀನು ಸಿನೆಮಾದಲ್ಲಿ ಬರೆದದ್ದು ನಿನ್ನ ಅಜ್ಞಾನವಲ್ಲ ಮಗಾ. ನಿನಗೆ ಆ ಪದ ಗೊತ್ತಿತ್ತು, ಎಲ್ಲರಿಗಿಂತ ಮೊದಲು ಗೊತ್ತಿತ್ತು. ನೀನು ಅಮ್ಮೆ ಎಂದು ಕರೆದಾಗ ಬಂದವಳು ನಾನು.

ಬರೆದು ಮುಗಿಸಿದೆ. ಇಷ್ಟು ವರ್ಷ ಇದನ್ನು ಹೇಳಿದರೆ ಎದೆ ಒಡೆಯುತ್ತದೆ ಎಂದುಕೊಂಡಿದ್ದೆ. ಏನೂ ಆಗಲಿಲ್ಲ. ಹಸಿವಾಗುತ್ತಿದೆ, ನೀರುದೋಸೆ ಎರೆದುಕೊಂಡು ತಿನ್ನುತ್ತೇನೆ.

ಇತಿ
ಅಮ್ಮ


ಠಾಣೆ
27 ನವೆಂಬರ್

ಅಪ್ಪೆ,

ಯಾನ್ ಐತಾರ ಬರ್ಪೆ. ಆದಿತ್ಯವಾರಕ್ಕೆ ಐತಾರ ಅನ್ನುವುದು ಸರಿ ತಾನೆ? ತಪ್ಪಿದ್ದರೆ ಎದುರಿಗೇ ತಿದ್ದು. ಬ್ಯಾಗನ್ನೂ ತರುತ್ತೇನೆ.

ಮಾನಸಿ